ಚಿನ್ನ ಸಿಕ್ಕದ ಬೆಟ್ಟ

ಅಮೆರಿಕದ ನೈಋತ್ಯ ಭಾಗದ ಆರಿಜೋನಾ ಸಂಸ್ಥಾನಕ್ಕೆ ಫೀನಿಕ್ಸ್ ರಾಜಧಾನಿ. ಆ ನಗರದಿಂದ ಪೂರ್ವಕ್ಕೆ ಸುಮಾರು 40 ಮೈಲಿ ಸಾಗಿದರೆ, ಹಂಚಿನಂತೆ ಕಾದು ಹರಡಿದ ಮರುಭೂಮಿಯ ನಡುವೆ, ಯಾವನೋ ಪಾಳೆಯಗಾರನು ಕಟ್ಟಲು ಹೊರಟು ಅರ್ಧಕ್ಕೇ ಕೈಬಿಟ್ಟ ಕೋಟೆಯ ಹಾಗೆ, ಒಂದು ಬೆಟ್ಟದ ಸಾಲು ಥಟ್ಟನೆ ಎದ್ದು ನಿಲ್ಲುತ್ತದೆ. ಅದಕ್ಕೆ ಸೂಪರ್‌ಸ್ಟಿಷನ್ ಮೌಂಟನ್ಸ್ ಎಂದು ಹೆಸರು. ಕನ್ನಡದಲ್ಲಿ ಹೇಳುವುದಾದರೆ ಮೂಢನಂಬಿಕೆಯ ಬೆಟ್ಟಗಳು. ಬೆಟ್ಟಕ್ಕೆ ಈ ಹೆಸರನ್ನು ಇಟ್ಟವರು ಸಾಲ್ಟ್ ನದಿಯ ಬಯಲಿನಲ್ಲಿ ಬಂದು ನೆಲೆಸಿದ ಬಿಳಿಯ ಬೇಸಾಯಗಾರರೆಂದು ಹೇಳುತ್ತಾರೆ. ಅಲ್ಲಿಯ ಮೂಲನಿವಾಸಿಗಳಾದ ಪೀಮಾ ಜನರು ಆ ಬೆಟ್ಟದ ಬಗ್ಗೆ ಹೇಳುತ್ತಿದ್ದ ಕಥೆಗಳನ್ನು ಕೇಳಿ ಹೊಸಬರು ಹಾಗೆ ಕರೆದರಂತೆ. ಅನ್ಯರ ಶ್ರದ್ಧೆಯನ್ನು ಮೌಢ್ಯವೆನ್ನುವುದು ಸುಲಭ. ಆ ಬೆಟ್ಟದಲ್ಲಿ ನಿಜವಾಗಿ ಮೌಢ್ಯಕ್ಕೆ ಬಲಿಯಾದವರು ಯಾರೆಂಬುದನ್ನು ಓದುಗರು ಮುಂದೆ ನೋಡಬಹುದು.

ಪೀಮಾ ಜನರ ಕಥೆ ಜಲಪ್ರಳಯದ್ದು. ಲೋಕವೆಲ್ಲ ಮುಳುಗಿದಾಗ ಕೆಲವರು ಈ ಬೆಟ್ಟವನ್ನೇರಿದರಂತೆ, ಅಲ್ಲಿಯೇ ಕಲ್ಲಾದರಂತೆ. ಬಂಡೆಯ ಮೈಮೇಲೆ ಅಡ್ಡಲಾಗಿ ಓಡುವ ಒಂದು ಬಿಳಿಯ ಪಟ್ಟೆಯನ್ನು ತೋರಿಸಿ, ಅದು ಪ್ರಳಯದ ನೊರೆ ತಾಗಿದ ಗುರುತು ಎನ್ನುತ್ತಾರೆ. ಅಪಾಚೆ ಜನರ ಕಥೆಯೇ ಬೇರೆ: ಈ ಬೆಟ್ಟದಲ್ಲೆಲ್ಲೋ ಪಾತಾಳಕ್ಕೆ ಇಳಿಯುವ ಬಿಲವಿದೆ, ಬೇಸಿಗೆಯಲ್ಲಿ ಬಯಲನ್ನು ಕವಿಯುವ ಧೂಳಿನ ಬಿರುಗಾಳಿ ಆ ಬಿಲದಿಂದಲೇ ಹೊರಡುತ್ತದೆ. ಈ ಎರಡು ಕಥೆಗಳಲ್ಲಿಯೂ ಚಿನ್ನದ ಮಾತಿಲ್ಲ. ಚಿನ್ನದ ಕಥೆ ಬಿಳಿಯರದು, ಅದಕ್ಕೆ ಇನ್ನೂ ನೂರೈವತ್ತು ವರ್ಷ ತುಂಬಿಲ್ಲ.

ಆ ಕಥೆ ಲೋಕಕ್ಕೆಲ್ಲ ಹಬ್ಬಿದ್ದರಲ್ಲಿ ಚಲನಚಿತ್ರದ ಪಾಲೂ ಇದೆ. ನಮ್ಮ ಹಿರಿಯರು ಇಂದಿಗೂ ನೆನೆದುಕೊಳ್ಳುವ ‘ಮೆಕೆನ್ನಾಸ್ ಗೋಲ್ಡ್’ 1969ರದು. ಭಾರಿ ಹಣ ಸುರಿದು, ಬಣ್ಣದಲ್ಲಿ, ಹೆಸರಾಂತ ನಟರನ್ನು ತುಂಬಿ ತೆಗೆದದ್ದು. ಅದಕ್ಕೆ ಇಪ್ಪತ್ತು ವರ್ಷ ಮೊದಲೇ, 1949ರಲ್ಲಿ, ಕೊಲಂಬಿಯಾ ಸಂಸ್ಥೆಯವರು ‘ಲಸ್ಟ್ ಫಾರ್ ಗೋಲ್ಡ್’ ಎಂಬ ಕಪ್ಪು ಬಿಳುಪಿನ ಚಿತ್ರವೊಂದನ್ನು ಆಡಂಬರವಿಲ್ಲದೆ ತೆಗೆದರು. ಒಂದೂವರೆ ಗಂಟೆಯ ಚಿತ್ರ, ನಿರ್ದೇಶಕ ಎಸ್. ಸಿಲ್ವನ್ ಸೈಮನ್, ಮುಖ್ಯ ಪಾತ್ರಗಳಲ್ಲಿ ಗ್ಲೆನ್ ಫೋರ್ಡ್ ಮತ್ತು ಐಡಾ ಲುಪಿನೋ. ಬ್ಯಾರಿ ಸ್ಟಾರ್ಮ್ ಎಂಬ ಕಾವ್ಯನಾಮದ ನಿಧಿಶೋಧಕನೊಬ್ಬನು 1945ರಲ್ಲಿ ಬರೆದ ಪುಸ್ತಕವೇ ಅದಕ್ಕೆ ಆಧಾರ.

ಚಿತ್ರದ ಕಥೆಯನ್ನು ನಾಲ್ಕು ಮಾತಿನಲ್ಲಿ ಹೇಳುತ್ತೇನೆ. ಯಾಕೋಬ್ ವಾಲ್ಜ್ ಎಂಬ ಒರಟ ಜರ್ಮನನು ಜೊತೆಗಾರನೊಬ್ಬನೊಡನೆ ಬೆಟ್ಟದ ಗುಪ್ತ ಗಣಿಯ ಜಾಡು ಹಿಡಿಯುತ್ತಾನೆ. ಗಣಿ ಸಿಕ್ಕಿದ ಕ್ಷಣದಿಂದಲೇ ಜೊತೆಗಾರನು ಬೇಡವಾಗುತ್ತಾನೆ, ಗುಂಡು ಹಾರುತ್ತದೆ. ಚಿನ್ನ ಹೊತ್ತು ಊರಿಗೆ ಬಂದವನನ್ನು ಊರೆಲ್ಲ ಮುತ್ತುತ್ತದೆ. ಜೂಲಿಯಾ ಥಾಮಸ್ ಎಂಬ ಬೇಕರಿಯವಳು ತನಗೆ ಗಂಡನಿರುವ ಸಂಗತಿಯನ್ನು ಬಚ್ಚಿಟ್ಟು, ಪ್ರೀತಿಯ ನಟನೆಯಿಂದ ಅವನನ್ನು ಮರುಳುಗೊಳಿಸಿ ಗುಟ್ಟು ತಿಳಿಯುತ್ತಾಳೆ. ಮೋಸ ಬಯಲಾದಾಗ ವಾಲ್ಜ್ ಎತ್ತರದ ಬಂಡೆಯ ಮೇಲೆ ಬಂದೂಕು ಹಿಡಿದು ಕುಳಿತು, ಗಂಡ ಹೆಂಡಿರನ್ನು ಗಣಿಯ ಬಾಯಿಯಲ್ಲಿಯೇ ತಡೆದು ನಿಲ್ಲಿಸುತ್ತಾನೆ. ಅವರ ಬಳಿ ಚಿನ್ನವಿದೆ, ನೀರಿಲ್ಲ. ಬಿಸಿಲು ಏರುತ್ತದೆ, ತುಟಿ ಬಿರಿಯುತ್ತದೆ. ಕೊನೆಗೆ ಜೂಲಿಯಾ, ಮೇಲಿದ್ದವನನ್ನು ಒಲಿಸಿಕೊಳ್ಳಲು, ಕಟ್ಟಿಕೊಂಡ ಗಂಡನನ್ನೇ ಇರಿಯುತ್ತಾಳೆ. ಅಷ್ಟರಲ್ಲಿ ಭೂಮಿ ಕಂಪಿಸಿ ಎಲ್ಲವನ್ನೂ ನುಂಗಿಬಿಡುತ್ತದೆ. ಈ ಪೂರ್ವಕಥೆಯ ಹಿಂದು ಮುಂದಕ್ಕೆ, ನಮ್ಮ ಕಾಲದ ಮೊಮ್ಮಗನೊಬ್ಬನು ಅದೇ ಗಣಿಯನ್ನು ಹುಡುಕಿ ಹೊರಡುವ ಸಪ್ಪೆಯಾದ ಕಥೆಯೊಂದನ್ನು ಹೊಲಿದಿದ್ದಾರೆ. ಅದಿಲ್ಲದಿದ್ದರೆ ಚಿತ್ರ ಇನ್ನೂ ಬಿಗಿಯಾಗಿರುತ್ತಿತ್ತು. ಆದರೆ ಆ ಬಂಡೆಯ ಮೇಲಿನ ದೃಶ್ಯ, ನೀರಿಲ್ಲದ ಆ ಎರಡು ಮುಖಗಳು, ಸುಲಭದಲ್ಲಿ ಮರೆಯುವಂಥವಲ್ಲ.

ಫೀನಿಕ್ಸಿನಲ್ಲಿ ಉದ್ಯೋಗದಲ್ಲಿರುವ ನನ್ನ ಭಾವಮೈದುನನ ಮನೆಯಲ್ಲಿ ಈ ಚಿತ್ರವನ್ನು ನೋಡಿದ ಮೇಲೆ, ಬೆಟ್ಟವನ್ನೂ ನೋಡಬೇಕೆನ್ನಿಸಿತು. ಜನವರಿ ತಿಂಗಳು, ಅಲ್ಲಿ ತಿರುಗಾಡಲು ಅದೇ ಸುಖದ ಕಾಲ. ಅವನೂ ಅವನ ಹನ್ನೊಂದು ವರ್ಷದ ಮಗನೂ ನಾನೂ ಬೆಳಗ್ಗೆ ಹೊರಟೆವು. ಬುತ್ತಿಗೆ ಚಪಾತಿ, ಪಲ್ಯ. ನೀರು ಮಾತ್ರ ಮೂವರಿಗೆ ಒಂದು ಮದುವೆಮನೆಗಾಗುವಷ್ಟು. “ಇಷ್ಟೇಕೋ?” ಎಂದು ಕೇಳಿದೆ. “ಇರಲಿ ಭಾವ, ಆ ಬೆಟ್ಟಕ್ಕೆ ಹೋಗುವವರು ಬೇರೇನು ಮರೆತರೂ ಇದನ್ನು ಮರೆಯಬಾರದು” ಎಂದ.

ಪಟ್ಟಣದ ಅಂಚಿನಲ್ಲಿ ಹೆದ್ದಾರಿಯನ್ನು ಬಿಟ್ಟು ಅಪಾಚೆ ಟ್ರೇಲ್ ಎಂಬ ರಸ್ತೆಗೆ ತಿರುಗಿದೆವು. ಸಾಲ್ಟ್ ನದಿಗೆ ರೂಸ್‌ವೆಲ್ಟ್ ಅಣೆಕಟ್ಟನ್ನು ಕಟ್ಟುವಾಗ ಸಾಮಾನು ಸಾಗಿಸಲು ಮಾಡಿದ ದಾರಿ ಅದು. ಅಣೆಕಟ್ಟು 1911ರಲ್ಲಿ ಮುಗಿಯಿತು. ರಸ್ತೆಯ ಬದಿಯಲ್ಲೇ ಗೋಲ್ಡ್‌ಫೀಲ್ಡ್ ಎಂಬ ಊರಿದೆ. ಊರೆಂದರೆ ಊರಲ್ಲ. 1892ರಲ್ಲಿ ಇಲ್ಲಿ ನಿಜವಾಗಿಯೇ ಚಿನ್ನದ ಅದಿರು ಸಿಕ್ಕಿ, ಮದ್ಯದಂಗಡಿ, ಶಾಲೆ, ಕಮ್ಮಾರಸಾಲೆ ಎಲ್ಲ ಎದ್ದವು. ಅದಿರಿನ ಪದರ ಐದಾರು ವರ್ಷಗಳಲ್ಲಿ ಕೈಕೊಟ್ಟಿತು, ಜನ ಗಂಟು ಕಟ್ಟಿದರು. ಈಗಿರುವುದು ಪ್ರವಾಸಿಗರಿಗಾಗಿ ಮತ್ತೆ ಕಟ್ಟಿದ ಮರದ ಅಂಗಡಿಸಾಲು. ಹೊತ್ತಿಗೊಮ್ಮೆ ಕೌಬಾಯ್ ವೇಷದವರು ಬೀದಿಯಲ್ಲಿ ಹುಸಿಗುಂಡು ಹಾರಿಸಿ ಸತ್ತು ಬೀಳುತ್ತಾರೆ. ಚಪ್ಪಾಳೆಯಾದ ಮೇಲೆ ಎದ್ದು ಧೂಳು ಕೊಡವಿಕೊಳ್ಳುತ್ತಾರೆ. ಹುಡುಗನಿಗೆ ಪರಮಾನಂದ.

ಅಲ್ಲಿಗೆ ಸಮೀಪದಲ್ಲೇ ಬೆಟ್ಟದ ವಸ್ತುಸಂಗ್ರಹಾಲಯ. ಅದರ ಅಂಗಳದಲ್ಲಿ ಒಂದು ಬಿಳಿಯ ಪುಟ್ಟ ಚರ್ಚು ನಿಂತಿದೆ. ಅದು ಯಾರೂ ಪ್ರಾರ್ಥಿಸಲೆಂದು ಕಟ್ಟಿದ್ದಲ್ಲ, ಸಿನಿಮಾದ್ದು. ಈ ಬೆಟ್ಟದ ತಪ್ಪಲಲ್ಲಿ 1960ರ ಸುಮಾರಿಗೆ ಅಪಾಚೆಲ್ಯಾಂಡ್ ಎಂಬ ಚಿತ್ರೀಕರಣದ ಊರನ್ನು ಕಟ್ಟಿದ್ದರು. ಅಲ್ಪ ವೆಚ್ಚದ ಕೌಬಾಯ್ ಚಿತ್ರಗಳಿಗೂ ದೂರದರ್ಶನದ ಕಂತುಗಳಿಗೂ ಅದು ಸಿದ್ಧ ಬೀದಿ. ಒಂದೇ ಮದ್ಯದಂಗಡಿಯ ಬಾಗಿಲನ್ನು ಎಷ್ಟು ಮಂದಿ ನಾಯಕರು ಒದ್ದು ತೆರೆದರೋ! ಎಲ್ವಿಸ್ ಪ್ರೀಸ್ಲಿ ಹಾಡದೆ ನಟಿಸಿದ ‘ಚಾರ್ರೋ’ (1969) ಇಲ್ಲಿಯದೇ. 2004ರಲ್ಲಿ ಬೆಂಕಿ ಬಿದ್ದು ಊರು ಸುಟ್ಟಿತು. ಉಳಿದ ಚರ್ಚನ್ನೂ ಒಂದು ಕೊಟ್ಟಿಗೆಯನ್ನೂ ಬಿಚ್ಚಿ ತಂದು ಇಲ್ಲಿ ನಿಲ್ಲಿಸಿದ್ದಾರೆ. ಹಿಂದಿರುವ ಬೆಟ್ಟವನ್ನು ನೋಡಿದಾಗ ಈ ಜಾಗವನ್ನು ಏಕೆ ಆರಿಸಿದರೆಂಬುದು ತಿಳಿಯುತ್ತದೆ. ಹಣವಿಲ್ಲದ ನಿರ್ಮಾಪಕನಿಗೆ ಮೂರು ಸಾವಿರ ಅಡಿ ಎತ್ತರದ ಪರದೆಯೊಂದು ಬಿಟ್ಟಿಯಾಗಿ ಸಿಕ್ಕಿತ್ತು.

ಇನ್ನು ನಿಜವಾದ ಮನುಷ್ಯನ ವಿಚಾರ. ಕಥೆಯಲ್ಲಿ ಅವನನ್ನು ‘ಡಚ್ಚ’ನೆಂದು ಕರೆಯುತ್ತಾರೆ, ಡಚ್ಚನಲ್ಲ, ಜರ್ಮನ್. ‘ಡಾಯ್ಚ್’ ಎಂಬುದು ಅಮೆರಿಕದವರ ಬಾಯಲ್ಲಿ ಹಾಗಾಯಿತು. ಯಾಕೋಬ್ ವಾಲ್ಟ್ಸ್ ದಕ್ಷಿಣ ಜರ್ಮನಿಯ ವ್ಯುರ್ಟೆಂಬರ್ಗ್ ಸೀಮೆಯಲ್ಲಿ 1810ರ ಆಸುಪಾಸಿನಲ್ಲಿ ಹುಟ್ಟಿದವನು. 1861ರಲ್ಲಿ ಲಾಸ್ ಏಂಜಲೀಸಿನಲ್ಲಿ ಅಮೆರಿಕದ ಪೌರತ್ವ ಪಡೆದ. ಆರಿಜೋನಾಕ್ಕೆ ಬಂದು ಬ್ರಾಡ್‌ಷಾ ಬೆಟ್ಟಗಳಲ್ಲಿ ಗಣಿಯ ಹಕ್ಕುಗಳನ್ನು ಗುರುತಿಸಿಕೊಂಡ. 1868ರ ಹೊತ್ತಿಗೆ ಫೀನಿಕ್ಸಿನ ಬಳಿ, ಸಾಲ್ಟ್ ನದಿಯ ದಡದಲ್ಲಿ, 160 ಎಕರೆ ಜಮೀನು ಹಿಡಿದು ಬೇಸಾಯಕ್ಕೆ ನಿಂತ. ಕೋಳಿ ಸಾಕಿ ಮೊಟ್ಟೆ ಮಾರುತ್ತಿದ್ದನಂತೆ. ಮದುವೆಯಾದ ಕುರುಹಿಲ್ಲ, ಆದುದರಿಂದ ಸಿನಿಮಾದ ಮೊಮ್ಮಗ ಸಿನಿಮಾದವರ ಸಂತಾನವೇ.

1891ರ ಫೆಬ್ರವರಿಯಲ್ಲಿ ನದಿ ಉಕ್ಕಿ ಬಂತು. ಎಂಬತ್ತರ ಮುದುಕನ ಗುಡಿಸಲು ನೀರಿನಲ್ಲಿ ಹೋಯಿತು. ಚಳಿ ನೀರಿನಲ್ಲಿ ನೆನೆದು ಕಾಯಿಲೆ ಬಿದ್ದವನು ಮತ್ತೆ ಪೂರ್ತಿಯಾಗಿ ಏಳಲಿಲ್ಲ. ಊರಲ್ಲಿ ಬೇಕರಿ ನಡೆಸುತ್ತಿದ್ದ ಜೂಲಿಯಾ ಥಾಮಸ್ ಎಂಬ ಹೆಂಗಸು ಅವನನ್ನು ತನ್ನ ಮನೆಗೆ ಕರೆತಂದು ಆರೈಕೆ ಮಾಡಿದಳು. ಅವಳ ಗಂಡ ಅವಳನ್ನು ಬಿಟ್ಟುಹೋಗಿದ್ದ. ಅಕ್ಟೋಬರ್ 25ರಂದು ಮುದುಕನು ಅವಳ ಮನೆಯಲ್ಲಿಯೇ ಪ್ರಾಣ ಬಿಟ್ಟ. ಮಂಚದ ಕೆಳಗಿನ ಪೆಟ್ಟಿಗೆಯಲ್ಲಿ ಒಳ್ಳೆಯ ಚಿನ್ನದ ಅದಿರು ಇತ್ತೆಂದೂ, ಸಾಯುವ ಮುನ್ನ ಗಣಿಯ ದಾರಿಯನ್ನು ಹೇಳಿದನೆಂದೂ ಕಥೆ.

ಸಿನಿಮಾದವರು ಗಂಡನನ್ನು ಇರಿಯುವ ರಾಕ್ಷಸಿಯಾಗಿ ತೋರಿಸಿದ್ದು ಇದೇ ಹೆಂಗಸನ್ನು, ಇದೇ ಹೆಸರಿನಿಂದ! ನನಗೆ ಇದು ತುಂಬ ಕೆಡುಕೆನ್ನಿಸಿತು. ನಾಟಕಕ್ಕೆ ದುಷ್ಟ ಪಾತ್ರ ಬೇಕು, ಒಪ್ಪೋಣ, ಹೆಸರನ್ನಾದರೂ ಬದಲಿಸಬಹುದಿತ್ತು. ದಿಕ್ಕಿಲ್ಲದ ಮುದುಕನಿಗೆ ಗಂಜಿ ಕಾಯಿಸಿ ಕೊಟ್ಟವಳು, ತೀರಿಹೋದ ಮೂವತ್ತೆರಡು ವರ್ಷಗಳ ಮೇಲೆ, ಲೋಕದ ಬೆಳ್ಳಿತೆರೆಯ ಮೇಲೆ ಕೊಲೆಗಾತಿಯಾದಳು. ಅವಳಿಗೂ ಆಸೆಯಿರಲಿಲ್ಲವೆಂದಲ್ಲ. 1892ರ ಬೇಸಿಗೆಯಲ್ಲಿ ಬೇಕರಿಯನ್ನು ಮಾರಿ, ಪೆಟ್ರಾಷ್ ಎಂಬ ಜರ್ಮನ್ ಸಹೋದರರಿಬ್ಬರನ್ನು ಕರೆದುಕೊಂಡು ಬೆಟ್ಟ ಹೊಕ್ಕಳು. ಉರಿಬಿಸಿಲಿನಲ್ಲಿ ವಾರಗಟ್ಟಲೆ ಅಲೆದು ಬರಿಗೈಯಲ್ಲಿ ಬಂದಳು. ಆಮೇಲೆ ಹೊಟ್ಟೆಪಾಡಿಗೆ ಗಣಿಯ ನಕ್ಷೆಗಳನ್ನು ಬರೆದು ಒಂದಕ್ಕೆ ಏಳು ಡಾಲರಿನಂತೆ ಮಾರಿದಳೆಂದು ಹೇಳುತ್ತಾರೆ. 1917ರಲ್ಲಿ ಫೀನಿಕ್ಸಿನಲ್ಲಿಯೇ ತೀರಿಕೊಂಡಳು. ಆ ಸಹೋದರರಲ್ಲಿ ಹರ್ಮನ್ ಜೀವಮಾನವನ್ನೆಲ್ಲ ಆ ಹುಡುಕಾಟದಲ್ಲಿಯೇ ಸವೆಸಿದ.

ಮಧ್ಯಾಹ್ನಕ್ಕೆ ಮುಂಚೆ ಬೆಟ್ಟದ ದಕ್ಷಿಣದ ಮಗ್ಗುಲಿಗೆ ಬಂದು ಪೆರಾಲ್ಟಾ ಕಣಿವೆಯ ಕಾಲುದಾರಿಯನ್ನು ಹಿಡಿದೆವು. ಪೆರಾಲ್ಟಾ ಎಂಬುದು ಮೆಕ್ಸಿಕೋದ ಒಂದು ಮನೆತನದ ಹೆಸರು. ಡಚ್ಚನಿಗಿಂತ ಮೊದಲು ಆ ಗಣಿ ಅವರದಾಗಿತ್ತೆಂದೂ, 1848ರ ಸುಮಾರಿನಲ್ಲಿ ಚಿನ್ನ ಹೇರಿಕೊಂಡು ಹೋಗುತ್ತಿದ್ದ ಅವರ ತಂಡವನ್ನು ಅಪಾಚೆಗಳು ಕೊಂದರೆಂದೂ ಐತಿಹ್ಯ. ಇತಿಹಾಸಕಾರರು ಇದನ್ನು ಅಷ್ಟಾಗಿ ನಂಬುವುದಿಲ್ಲ. ಆದರೂ ಕಣಿವೆಗೆ ಹೆಸರು ನಿಂತುಬಿಟ್ಟಿದೆ.

ಕಣಿವೆಯ ಸೊಬಗನ್ನು ಹೇಗೆ ಹೇಳಲಿ? ಮರುಭೂಮಿಯೆಂದರೆ ಬರಿಯ ಮರಳೆಂದು ತಿಳಿದಿದ್ದವರಿಗೆ ಇದು ಹೊಸ ಪಾಠ. ಎಲ್ಲೆಲ್ಲಿಯೂ ಸಗ್ವಾರೋ ಎಂಬ ಕಂಬಗಳ್ಳಿ. ಮೂವತ್ತು ನಲವತ್ತು ಅಡಿ ಎತ್ತರಕ್ಕೆ ನೆಟ್ಟಗೆ ನಿಂತು, ಕೈಗಳನ್ನು ಮೇಲೆತ್ತಿ, ಕಳ್ಳರ ಕೈಗೆ ಸಿಕ್ಕಿಬಿದ್ದ ಪಯಣಿಗರ ಗುಂಪಿನಂತೆ ಕಾಣುತ್ತದೆ. ಮೊದಲ ತೋಳು ಮೂಡುವುದಕ್ಕೇ ಐವತ್ತು ವರ್ಷಕ್ಕೂ ಮೇಲೆ ಬೇಕಂತೆ. ನೂರೈವತ್ತು ವರ್ಷ ಬದುಕುವುವೂ ಉಂಟು. ಹಾಗಾದರೆ ನಮ್ಮ ಪಕ್ಕದಲ್ಲಿ ನಿಂತಿದ್ದ ಮುದಿಗಳ್ಳಿಗಳಲ್ಲಿ ಕೆಲವು ಡಚ್ಚನ ಕಾಲವನ್ನು ಕಂಡಿರಬಹುದು. ಅದರ ಮೈಯ ಮಡಿಕೆಗಳು ಹಾರ್ಮೋನಿಯಂನ ತಿದಿಯ ಹಾಗೆ: ಮಳೆ ಬಿದ್ದಾಗ ನೀರು ಕುಡಿದು ಉಬ್ಬುತ್ತವೆ, ಬೇಸಿಗೆಯಲ್ಲಿ ಕುಗ್ಗುತ್ತವೆ. ಪಾಲೋವರ್ಡೆ ಎಂಬ ಮರಕ್ಕೆ ತೊಗಟೆಯೇ ಹಸುರು. ಎಲೆ ಉದುರಿದಾಗಲೂ ಕಾಂಡದಿಂದಲೇ ಅಡುಗೆ ನಡೆಯುತ್ತದೆ. ಚೋಯಾ ಎಂಬ ಕುಳ್ಳು ಕಳ್ಳಿ ದೂರದಿಂದ ತುಪ್ಪುಳಿನ ಗೊಂಬೆಯಂತೆ ಮುದ್ದಾಗಿದೆ. ಸೋಕಿದರೆ ತುಂಡೇ ಮುರಿದು ಮೈಗೆ ಅಂಟಿಕೊಳ್ಳುತ್ತದೆ. ಮುಳ್ಳನ್ನು ಕೀಳಲು ಬಾಚಣಿಗೆ ಬೇಕು. ನನ್ನ ಭಾವಮೈದುನ ಜೇಬಿನಲ್ಲಿ ಬಾಚಣಿಗೆ ಇಟ್ಟುಕೊಂಡು ಬಂದದ್ದು ತಲೆಗೆಂದು ತಿಳಿದಿದ್ದೆ.

ಎರಡೂಕಾಲು ಮೈಲಿಯಷ್ಟು ದೂರ, ಸಾವಿರದ ಮುನ್ನೂರು ಅಡಿಯಷ್ಟು ಏರು. ದಾರಿಯುದ್ದಕ್ಕೂ ಒಂದೇ ಸದ್ದು, ನಮ್ಮ ಹೆಜ್ಜೆಯದು. ಕೊನೆಯ ತಿರುವಿನವರೆಗೂ ಮುಂದೇನಿದೆಯೆಂದು ತಿಳಿಯುವುದಿಲ್ಲ. ಎರಡು ಬೆಟ್ಟಗಳ ನಡುವಣ ಆ ತಗ್ಗನ್ನು ಮುಟ್ಟಿದೊಡನೆ, ಎದುರಿನ ಕಣಿವೆಯಿಂದ ಒಂದು ಮಹಾಸ್ತಂಭ ಮೇಲೆದ್ದು ನಿಲ್ಲುತ್ತದೆ. ಅದೇ ವೀವರ್ಸ್ ನೀಡ್ಲ್. ಸಮುದ್ರಮಟ್ಟದಿಂದ ಅದರ ತುದಿ 4,553 ಅಡಿ; ಕಣಿವೆಯಿಂದ ಸಾವಿರ ಅಡಿಗಳಷ್ಟು. ಪಾಲಿನ್ ವೀವರ್ ಎಂಬ ಹಳೆಯ ಕಾಡುಸಂಚಾರಿಯ ಹೆಸರು ಅದಕ್ಕೆ. ನೋಡಿದೊಡನೆ ನನಗೆ ಸೂಜಿಗಿಂತ ಗೋಪುರದ ನೆನಪಾಯಿತು. ಮೂವರೂ ಮಾತಿಲ್ಲದೆ ಬಂಡೆಯ ಮೇಲೆ ಕುಳಿತೆವು.

ಮಧ್ಯಾಹ್ನ ನಾಲ್ಕು ಗಂಟೆಗೆ ಈ ಸೂಜಿಯ ನೆರಳಿನ ತುದಿ ಬೀಳುವಲ್ಲಿ ಗಣಿಯಿದೆಯೆಂಬುದು ಐತಿಹ್ಯದ ಪ್ರಸಿದ್ಧ ಸುಳಿವು. ಯಾವ ತಿಂಗಳ ನಾಲ್ಕು ಗಂಟೆ? ಮಕರದಲ್ಲಿ ಬೀಳುವ ನೆರಳು ಕರ್ಕಾಟಕದಲ್ಲಿ ಬೀಳುವುದಿಲ್ಲ. ವರ್ಷವೆಲ್ಲ ಆ ತುದಿ ಕಣಿವೆಗಳ ಮೇಲೆ ಅಲೆಯುತ್ತಲೇ ಇರುತ್ತದೆ. ಹುಡುಕುವವರೂ ಅದರ ಹಿಂದೆ ಅಲೆದರು. ನಮ್ಮಲ್ಲಿ ನಿಧಿಯನ್ನು ಸರ್ಪ ಕಾಯುತ್ತದೆಂದೂ, ಅಂಜನ ಹಾಕಿ ನೋಡಿದರೆ ಕಾಣುತ್ತದೆಂದೂ ಹೇಳುವವರಿದ್ದಾರಲ್ಲವೆ? ಇಲ್ಲಿ ಅಂಜನದ ಬದಲು ನಕ್ಷೆ. ಸರ್ಪವಂತೂ ನಿಜವಾಗಿಯೇ ಇದೆ. ಬಾಲದಲ್ಲಿ ಗಿಲಕಿ ಆಡಿಸುವ ಜಾತಿ.

ಆ ನಕ್ಷೆಯನ್ನು ನಂಬಿ ಬಂದವರಲ್ಲಿ ಅಡಾಲ್ಫ್ ರೂತ್‌ನ ಕಥೆ ಎಲ್ಲಕ್ಕಿಂತ ದಾರುಣ. ವಾಷಿಂಗ್ಟನ್ನಿನಲ್ಲಿ ಸರಕಾರಿ ನೌಕರಿಯಲ್ಲಿದ್ದವನು; ಅರವತ್ತು ದಾಟಿದ್ದ. ಹಿಂದೊಮ್ಮೆ ಕ್ಯಾಲಿಫೋರ್ನಿಯಾದ ಮರುಭೂಮಿಯಲ್ಲಿ ಇನ್ನೊಂದು ಗಣಿಯನ್ನು ಹುಡುಕಲು ಹೋಗಿ ಕಾಲು ಮುರಿದುಕೊಂಡು ಕುಂಟುತ್ತಿದ್ದ. ಪಶುವೈದ್ಯನಾಗಿದ್ದ ಮಗನಿಗೆ ಮೆಕ್ಸಿಕೋದಲ್ಲಿ ಸಿಕ್ಕಿದ ಹಳೆಯ ನಕ್ಷೆಯೊಂದನ್ನು ಹಿಡಿದು 1931ರ ಜೂನ್ ತಿಂಗಳಿನಲ್ಲಿ ಇಲ್ಲಿಗೆ ಬಂದ. ಜೂನ್ ಎಂದರೆ ಇಲ್ಲಿ ಬಾಣಲೆ. 43 ಡಿಗ್ರಿ ಸೆಲ್ಸಿಯಸ್ ಸಾಮಾನ್ಯ ಮಾತು. ಸ್ಥಳೀಯರು ಬೇಡವೆಂದರೂ ಕೇಳದೆ ಒಳಗೆ ಬಿಡಾರ ಹೂಡಿದ. ಕೆಲವು ದಿನಗಳಲ್ಲಿ ಕಾಣೆಯಾದ. ಡಿಸೆಂಬರಿನಲ್ಲಿ ತಲೆಬುರುಡೆ ಸಿಕ್ಕಿತು, ಅದರಲ್ಲಿ ತೂತುಗಳಿದ್ದುವು. ಮರುತಿಂಗಳು, ಸ್ವಲ್ಪ ದೂರದಲ್ಲಿ, ಉಳಿದ ಮೂಳೆಗಳು. ಚೆಕ್ ಪುಸ್ತಕದಲ್ಲಿ ಗಣಿಯ ಜಾಗದ ವಿವರಣೆ, ಅದರ ಕೊನೆಗೆ ಬಂದೆ, ಕಂಡೆ, ಗೆದ್ದೆನೆಂಬ ಲ್ಯಾಟಿನ್ ನುಡಿ. ನಕ್ಷೆ ಮಾತ್ರ ಇರಲಿಲ್ಲ. ಸ್ಮಿತ್ಸೋನಿಯನ್ ಸಂಸ್ಥೆಯ ಮಾನವಶಾಸ್ತ್ರಜ್ಞ ಆಲೆಷ್ ಹರ್ಡ್ಲಿಚ್ಕಾ ಬುರುಡೆಯನ್ನು ಪರೀಕ್ಷಿಸಿ, ಗುಂಡೇಟಿನ ಸಾವಿರಬೇಕೆಂದ. ಪೊಲೀಸರು ಬಿಸಿಲು, ಬಾಯಾರಿಕೆಯೆಂದರು. ಕೊಲೆಯೆಂದು ಯಾರ ಮೇಲೂ ಮೊಕದ್ದಮೆ ನಡೆಯಲಿಲ್ಲ. ಪತ್ರಿಕೆಗಳು ದೇಶದುದ್ದಕ್ಕೂ ಸುದ್ದಿಯನ್ನು ಹಬ್ಬಿಸಿದುವು. ಒಬ್ಬನ ಮರಣವನ್ನು ಓದಿ ಹೆದರಿ ಹಿಂಜರಿಯಬೇಕಾದವರು, ಕೊಂದಿದ್ದಾರೆಂದರೆ ಚಿನ್ನ ಇದ್ದೇ ಇರಬೇಕೆಂದು ತರ್ಕಿಸಿ, ಗುದ್ದಲಿ ಹೊತ್ತು ಇನ್ನೂ ಹೆಚ್ಚಾಗಿ ಬಂದರು.

1959ರಲ್ಲಿ ಈ ಸೂಜಿಯ ಬುಡದಲ್ಲಿಯೇ ಎರಡು ಬಿಡಾರಗಳು ಎದುರುಬದುರಾಗಿದ್ದುವು. ಸ್ತಂಭದೊಳಗೇ ಪಾದ್ರಿಗಳ ನಿಧಿ ಅಡಗಿದೆಯೆಂದು ಒಂದು ಗುಂಪಿನ ನಂಬಿಕೆ. ಜಾಗ ತಮ್ಮದೆಂದು ಇನ್ನೊಂದು ಗುಂಪಿನ ಹಟ. ಕಾವಲು, ಬೆದರಿಕೆ, ಹುಸಿಗುಂಡುಗಳಲ್ಲಿ ತಿಂಗಳುಗಳು ಕಳೆದು, ನವೆಂಬರಿನಲ್ಲಿ ಒಬ್ಬ ಗುಂಡಿಗೆ ಬಿದ್ದ. ‘ಲಸ್ಟ್ ಫಾರ್ ಗೋಲ್ಡ್’ ತೆರೆಗೆ ಬಂದು ಆಗ ಹತ್ತು ವರ್ಷ. ಚಿತ್ರದ ಬಂಡೆಯ ದೃಶ್ಯವನ್ನು ಯಾರೋ ಮತ್ತೆ ಆಡಿಸಿದಂತಿತ್ತು. ಗೋಲ್ಡ್‌ಫೀಲ್ಡಿನ ಬೀದಿಯಲ್ಲಾಗುವಂತೆ ಬಿದ್ದವನು ಎದ್ದು ಧೂಳು ಕೊಡವಿಕೊಳ್ಳಲಿಲ್ಲ.

ಈಗ ಇಲ್ಲಿ ಗಣಿಗಾರಿಕೆ ನಿಷಿದ್ಧ. ಸುಮಾರು 1,60,000 ಎಕರೆಯ ಈ ಪ್ರದೇಶ ಕಾಯ್ದಿಟ್ಟ ಅರಣ್ಯವಾಗಿದೆ. 1984ರ ಜನವರಿ 1ರಿಂದ ಹೊಸ ಗಣಿಹಕ್ಕುಗಳ ಬಾಗಿಲು ಮುಚ್ಚಿದೆ. ಬಾಗಿಲು ಮುಚ್ಚಿದರೂ ಬರುವವರು ನಿಲ್ಲಲಿಲ್ಲ. 2010ರ ಜುಲೈಯಲ್ಲಿ ಯೂಟಾ ಸಂಸ್ಥಾನದಿಂದ ಮೂವರು ಬಂದರು. ಹಿಂದಿನ ವರ್ಷ ಇಲ್ಲಿಂದಲೇ ಅವರಲ್ಲಿ ಒಬ್ಬನನ್ನು ಹುಡುಕಿ ಬದುಕಿಸಿ ಕಳುಹಿಸಿದ್ದರಂತೆ. ಆದರೂ ಅವನು ಮತ್ತೆ ಬಂದ. ಈ ಸಲ ದಿನಗಟ್ಟಲೆ ಹುಡುಕಿದರೂ ಸಿಕ್ಕಲಿಲ್ಲ. ಮರುವರ್ಷ ಜನವರಿಯಲ್ಲಿ ಅವಶೇಷಗಳು ಕಂಡುಬಂದುವು. ಉರಿಬಿಸಿಲೇ ಕಾರಣವೆಂದು ಅಧಿಕಾರಿಗಳ ಅಭಿಪ್ರಾಯ. ನೀರಿನ ಶೀಶೆಗಳನ್ನು ಭಾವಮೈದುನ ಏಕೆ ಎಣಿಸಿ ಎಣಿಸಿ ಇಟ್ಟನೆಂಬುದು ನನಗೆ ಇದನ್ನು ಕೇಳಿದ ಮೇಲೆ ಅರ್ಥವಾಯಿತು.

ಚಿನ್ನ ಇದೆಯೆ? ಭೂವಿಜ್ಞಾನಿಗಳ ಮಾತು ಸಪ್ಪೆ. ಸುಮಾರು ಎರಡು ಕೋಟಿ ವರ್ಷಗಳ ಹಿಂದೆ ಇಲ್ಲಿ ಜ್ವಾಲಾಮುಖಿಗಳು ಸಿಡಿದು, ಸುರಿದ ಬೂದಿ ಬೆಸೆದು ಬಂಡೆಯಾಗಿ, ನೆಲ ಕುಸಿದು ಮಹಾಕುಂಡವಾಗಿ, ಮತ್ತೆ ಒಳಗಿನಿಂದ ಉಬ್ಬಿ ಬಂದದ್ದೇ ಈ ಬೆಟ್ಟ. ಈ ಸೂಜಿಯೂ ಅಂಥ ಬೂದಿಬಂಡೆಯನ್ನು ಗಾಳಿ ಮಳೆಗಳು ಕೊರೆದು ಉಳಿಸಿದ ತುಣುಕು. ಇಂಥ ಬಂಡೆಯಲ್ಲಿ ಚಿನ್ನದ ಎಳೆ ಸಿಕ್ಕುವುದು ಕಷ್ಟ. ಅಂಚಿನ ಹಳೆಯ ಶಿಲೆಗಳಲ್ಲಿ, ಗೋಲ್ಡ್‌ಫೀಲ್ಡಿನಲ್ಲಿ ಸಿಕ್ಕಿದ ಹಾಗೆ, ಸಿಕ್ಕಬಹುದು. ಹಾಗಾದರೆ ಮುದುಕನ ಮಂಚದ ಕೆಳಗಿನ ಅದಿರು? ಫೀನಿಕ್ಸಿನ ವಾಯವ್ಯಕ್ಕಿದ್ದ ಹೆಸರಾಂತ ವಲ್ಚರ್ ಗಣಿಯಲ್ಲಿ ಅವನು ಕೆಲಸ ಮಾಡುವಾಗ ಒಳ್ಳೆಯ ತುಂಡುಗಳನ್ನು ಜೇಬಿಗಿಳಿಸಿದ್ದನೆಂದು ಕೆಲವರು ಊಹಿಸುತ್ತಾರೆ. ಆ ಊಹೆ ನಿಜವಾದರೆ ಕಾಣೆಯಾದ ಗಣಿಯೂ ಇಲ್ಲ, ಕಂಡ ಗಣಿಯೂ ಇಲ್ಲ. ಒಬ್ಬ ಕೂಲಿಯ ಸಣ್ಣ ಕಳ್ಳತನ, ಅದನ್ನು ಮರೆಸಲು ಒಂದು ಬೆಟ್ಟ. ಭೂಕಂಪ ಮಾತ್ರ ಸಿನಿಮಾದವರ ಸೃಷ್ಟಿಯಲ್ಲ. 1887ರ ಮೇ 3ರಂದು ಮೆಕ್ಸಿಕೋದ ಸೊನೋರಾದಲ್ಲಿ ಎದ್ದ ದೊಡ್ಡ ಕಂಪನ ಆರಿಜೋನಾವನ್ನೂ ನಡುಗಿಸಿತ್ತು. ಗಣಿಯ ಬಾಯಿ ಆಗ ಮುಚ್ಚಿತೆನ್ನುವವರಿಗೆ ಅದು ಕೈಗೆ ಸಿಕ್ಕಿದ ಉತ್ತರ.

ಇಳಿದು ಬರುವಾಗ ಬಿಸಿಲು ವಾಲಿ, ಬಂಡೆಗಳ ಮುಖ ಕೆಂಪೇರಿ, ಬೆಟ್ಟವೆಲ್ಲ ನಿಜವಾಗಿಯೇ ಹೊನ್ನಿನದೆಂಬಂತೆ ಕಂಡಿತು. ಆ ಹೊತ್ತಿನಲ್ಲಿ ಅದನ್ನು ನೋಡಿದ ಬಡ ಬೇಸಾಯಗಾರನೊಬ್ಬನು ಏನನ್ನು ನಂಬಿದನೆಂದರೂ ನಾನು ನಗಲಾರೆ.

ಬೆಳಗ್ಗೆ ವಸ್ತುಸಂಗ್ರಹಾಲಯದ ಅಂಗಡಿಯಲ್ಲಿ ಹುಡುಗ ತನ್ನ ಕೈಖರ್ಚಿನ ಹಣದಿಂದ ಒಂದು ನಕ್ಷೆಯನ್ನು ಕೊಂಡಿದ್ದ. ಹಳೆಯದೆಂದು ತೋರುವಂತೆ ಕಾಗದಕ್ಕೆ ಕಂದು ಬಣ್ಣ ಹಚ್ಚಿ, ಅಂಚನ್ನು ಸುಟ್ಟಂತೆ ಮುದ್ರಿಸಿದ್ದಾರೆ. ಹಿಂತಿರುಗುವಾಗ ಮೋಟಾರಿನ ಹಿಂದಿನ ಆಸನದಲ್ಲಿ ಅದನ್ನು ತೊಡೆಯ ಮೇಲೆ ಹರವಿಕೊಂಡ. ಅವನ ತಂದೆ ಎರಡು ಸಲ ಕರೆದು, ಚಪಾತಿ ಉಳಿದಿದೆ, ತಿನ್ನುತ್ತೀಯಾ ಎಂದು ಕೇಳಿದ. ಉತ್ತರವಿಲ್ಲ. ಫೀನಿಕ್ಸಿನ ದೀಪಗಳು ಕಾಣಿಸುವವರೆಗೂ ಹುಡುಗ ಬೆರಳಿನಿಂದ ಸೂಜಿಯ ನೆರಳನ್ನು ಅಳೆಯುತ್ತಿದ್ದ.